ಅಳುಪುಟ್ಟಿ ಕೇಳಿಸಿಕೊಳ್ಳದ ಕೂಗು

"ಎಲ್ಲಿ, ಒಂದ್ಸಲ ಅತ್ತು ತೋರಿಸಿ ನೋಡೋಣ," ಎಂದರು ಸೀನಪ್ಪ ಸಾಹೇಬರು.

ಪುಟ್ಟಿ ಕಕ್ಕಾಬಿಕ್ಕಿಯಾದಳು. ಅಲ್ಲಿ ಆಸ್ಪತ್ರೆಯಲ್ಲಿ ಹಾಡಿನ ತಂಡದ ಮುಖ್ಯ ಗಾಯಕಿ ದೊಡ್ಡಕ್ಕ ಸಾವು ಬದುಕಿನ ನಡುವೆ ಮಲಗಿದ್ದಾಳೆ, ಸ್ವಂತ ಅಕ್ಕನ ಗಂಡ ಭಾವ ಪೊಲೀಸ್ ಠಾಣೆಯ ಬೆಂಚಿನ ಮೇಲೆ ಕೂತಿದ್ದಾರೆ, ಈ ಮನುಷ್ಯನಿಗೆ ತಮಾಷೆ!

ಪತ್ತೇದಾರರ ನಿಜವಾದ ಹೆಸರು ತಂಡದಲ್ಲಿ ಯಾರ ನಾಲಿಗೆಗೂ ಹತ್ತಿರಲಿಲ್ಲ. ಬಂದ ದಿನವೇ ವೇದಿಕೆಯ ಪರದೆಗಳ ಧೂಳಿಗೆ ಸೀನಿ ಸೀನಿ ಮೂಗು ಟೊಮೆಟೊ ಮಾಡಿಕೊಂಡರಲ್ಲ, ಆಗ ಡ್ರಮ್ಮಿನವನು ಸೀನಪ್ಪ ಎಂದು ಇಟ್ಟ ಹೆಸರೇ ಗಟ್ಟಿಯಾಯಿತು. ಅದು ಅವರ ಕಿವಿಗೂ ಬಿದ್ದಿತ್ತು. ಪಾಪ, ಬೇಜಾರೇನೂ ಮಾಡಿಕೊಂಡಿರಲಿಲ್ಲ.

"ತಮಾಷೆಗೆ ಕೇಳ್ತಿಲ್ಲಮ್ಮ. ನಮ್ಮ ಮನೆಯವರು ನಿಮ್ಮ ಸಿನಿಮಾ ನೋಡ್ಕೊಂಡೇ ಬೆಳೆದೋರು. ಅಳುಪುಟ್ಟಿಗೆ ಗ್ಲಿಸರಿನ್ನೇ ಬೇಕಾಗಿರಲಿಲ್ವಂತೆ. ಡೈರೆಕ್ಟರು ಹೂಂ ಅಂದ್ರೆ ಸಾಕು, ನಲ್ಲಿ ತಿರುಗಿಸಿದ ಹಾಗಂತೆ. ಹೌದಾ?"

ಪುಟ್ಟಿ ಮೇಕಪ್ ಕೋಣೆಯ ಕನ್ನಡಿಯ ಸುತ್ತ ಉರಿಯುತ್ತಿದ್ದ ಬಲ್ಬುಗಳಲ್ಲಿ ಒಂದನ್ನು ನೋಡಿದಳು. ಅಷ್ಟೇ. ಎಡಗಣ್ಣು ತುಂಬಿ ಒಂದು ಹನಿ ಕೆನ್ನೆಗೆ ಇಳಿಯಿತು, ಅದರ ಬೆನ್ನಿಗೇ ಇನ್ನೊಂದು. ಬಲಗಣ್ಣು ಒಣಗಿಯೇ ಇತ್ತು. ಚಿಕ್ಕವಳಿದ್ದಾಗ ಸಿನಿಮಾದವರು ಕ್ಯಾಮೆರಾದಲ್ಲಿ ಅವಳ ಮುಖವನ್ನು ಎಡಗಡೆಯಿಂದಲೇ ಹೆಚ್ಚು ತೆಗೆಯುತ್ತಿದ್ದರು. ನಲವತ್ತು ದಾಟಿದರೂ ಕಣ್ಣಿಗೆ ಆ ಅಭ್ಯಾಸ ತಪ್ಪಿಲ್ಲ.

"ಅಬ್ಬಬ್ಬಾ!" ಸಾಹೇಬರು ಕುರ್ಚಿಯನ್ನು ಹತ್ತಿರಕ್ಕೆ ಎಳೆದುಕೊಂಡರು. "ಸರಿ ಹಾಗಾದ್ರೆ. ಆವತ್ತು ಆಸ್ಪತ್ರೆಯಲ್ಲಿ ಯಾಕೆ ಅಳಲಿಲ್ಲ?"

ಪುಟ್ಟಿ ಕೆನ್ನೆ ಒರೆಸಿಕೊಂಡಳು.

"ತಂಡದವರೆಲ್ಲ ಗೋಳೋ ಅಂತಿದ್ರು. ನೀವು ಮಾತ್ರ ಕಲ್ಲು. ಅಳೋಕೆ ಬರದವರು ಅಳದಿದ್ರೆ ನಾನು ತಲೆ ಕೆಡಿಸ್ಕೊಳ್ಳಲ್ಲ. ಬೇಕಂದಾಗ ಅಳೋಕೆ ಬರೋರು ಅಳದಿದ್ರೆ ಒಳಗೇನೋ ಸಿಕ್ಕಾಕ್ಕೊಂಡಿದೆ ಅಂತ ಅರ್ಥ. ಏನಮ್ಮ ಅದು?"

ಏನೆಂದು ಪುಟ್ಟಿಗೆ ಚೆನ್ನಾಗಿ ಗೊತ್ತಿತ್ತು. ನಿದ್ದೆ ಬರಗೊಡದೆ ಕಾಡುತ್ತಿದ್ದ ಆ ಮಾತನ್ನು ಹೊರಹಾಕಿದರೆ ತನ್ನ ಗತಿ ಏನೆಂಬುದೂ ಗೊತ್ತಿತ್ತು. ಅದಕ್ಕೇ ಬಾಯಿಗೆ ಬೀಗ ಹಾಕಿಕೊಂಡಿದ್ದಳು. ತನ್ನ ಬದಲಿಗೆ ಭಾವ ಬೆಂಚಿನ ಮೇಲೆ ಕೂತಿದ್ದಾರೆ ಎಂಬುದೊಂದೇ ಅವಳನ್ನು ಕೊರೆಯುತ್ತಿತ್ತು.

ಸಾಹೇಬರು ಕನ್ನಡಿಯ ಮುಂದಿನ ಕಟ್ಟೆಯ ಮೇಲಿದ್ದ ಪೌಡರ್ ಡಬ್ಬಿ, ಬಾಚಣಿಗೆಗಳನ್ನು ಪಕ್ಕಕ್ಕೆ ಸರಿಸಿ ಎರಡು ವಸ್ತು ಇಟ್ಟರು. ಎರಡೂ ಪ್ಲಾಸ್ಟಿಕ್ ಚೀಲದಲ್ಲಿದ್ದವು. ಒಂದು, ಮುಚ್ಚಳಕ್ಕೆ ಹಸಿರು ರಿಬ್ಬನ್ ಕಟ್ಟಿದ್ದ ಸ್ಟೀಲಿನ ಫ್ಲಾಸ್ಕು. ಇನ್ನೊಂದು, ಸೊಂಟಕ್ಕೆ ಸಿಕ್ಕಿಸಿಕೊಳ್ಳುವ ಸಣ್ಣ ಕಪ್ಪು ಪೆಟ್ಟಿಗೆ. ಅದರಿಂದ ಹೊರಟ ತೆಳು ತಂತಿಯ ತುದಿಯಲ್ಲಿ ಕಿವಿಗೆ ಹಾಕುವ ಎರಡು ಮೊಗ್ಗು.

"ಫ್ಲಾಸ್ಕಿಗೆ ಬಿಸಿನೀರು, ಜೇನು ಹಾಕಿದ್ದು?"

"ನಾನೇ. ದಿನಾ ನಾನೇ ಹಾಕೋದು."

"ನಿದ್ದೆ ಮಾತ್ರೆ?"

"ಅಯ್ಯೋ, ಅದು ನನಗೆ ಗೊತ್ತಿಲ್ಲ ಸಾರ್! ಫ್ಲಾಸ್ಕು ತುಂಬಿಸಿ ಬಟ್ಟೆ ಬದಲಿಸೋ ಗೂಡಲ್ಲಿಟ್ಟು ಬಂದೆ. ಆಮೇಲೆ ಅಲ್ಲಿಗೆ ಯಾರು ಬೇಕಾದ್ರೂ ಹೋಗ್ಬಹುದಿತ್ತು."

"ಯಾರು ಬೇಕಾದ್ರೂ ಹೋಗ್ಬಹುದಿತ್ತು," ಎಂದು ಸಾಹೇಬರು ಒಪ್ಪಿಕೊಂಡರು. "ಈಗ ಈ ಪೆಟ್ಟಿಗೆ. ಇದೇನು ಅಂತ ನನ್ನಂಥ ದಡ್ಡನಿಗೆ ಅರ್ಥ ಆಗೋ ಹಾಗೆ ಹೇಳಿ. ನನಗೆ ಹಾಡಿಗೂ ಹಾರನ್ನಿಗೂ ವ್ಯತ್ಯಾಸ ಗೊತ್ತಾಗಲ್ಲ."

ಪುಟ್ಟಿ ಹೇಳಿದಳು. ಅದು ಅವಳ ಕೆಲಸದ ಸಾಮಾನು, ಹೇಳಲು ಕಷ್ಟವೇನಿರಲಿಲ್ಲ. ವೇದಿಕೆಯ ಗದ್ದಲದಲ್ಲಿ ಹಾಡುವವರಿಗೆ ತಮ್ಮ ದನಿಯೇ ಕೇಳುವುದಿಲ್ಲ, ಅದಕ್ಕೇ ಎಲ್ಲರ ಸೊಂಟದಲ್ಲೂ ಒಂದೊಂದು ಪೆಟ್ಟಿಗೆ. ಸಭಾಂಗಣದ ಹಿಂದುಗಡೆ ಸೌಂಡ್ ಬೋರ್ಡಿನ ಮುಂದೆ ಕೂತ ಭಾವ ಯಾರ ಕಿವಿಗೆ ಏನು ಬೇಕೋ ಅದನ್ನಷ್ಟೇ ಕಳಿಸುತ್ತಾರೆ. ಕಾರ್ಯಕ್ರಮದ ನಡುವೆ ಒಂದು ಹಾಡಿನಲ್ಲಿ ದೊಡ್ಡಕ್ಕ ಬಟ್ಟೆ ಬದಲಿಸಲು ವೇದಿಕೆಯ ಹಿಂದಿನ ಗೂಡಿಗೆ ಹೋಗುತ್ತಾಳೆ. ಆಗ ಪುಟ್ಟಿ ಹಿಂದಿನ ಸಾಲಿನಿಂದ ಬೆಳಕಿಗೆ ಬಂದು ಒಬ್ಬಳೇ ಆಲಾಪ ಎಳೆಯುತ್ತಾಳೆ. ಎಲ್ಲಿಯವರೆಗೆ ಎಳೆಯಬೇಕು? ದೊಡ್ಡಕ್ಕ ತಯಾರಾಗುವವರೆಗೆ. ಅದನ್ನು ತಿಳಿಸಲು ದೊಡ್ಡಕ್ಕನ ಕೊರಳ ಮೈಕು ಆ ಹೊತ್ತಿನಲ್ಲಿ ಜನರಿಗೆ ಕೇಳದ ಹಾಗೆ ತಿರುಗುತ್ತದೆ, ಮಾತು ಪುಟ್ಟಿಯ ಕಿವಿಗೆ ಮಾತ್ರ ಬರುತ್ತದೆ. ಇನ್ನೊಂದು ಸುತ್ತು ಹಾಡೇ. ಬಂದೆ ಕಣೇ. ಸಾಕು ನಿಲ್ಸು.

"ಅಂದ್ರೆ ಆ ಗೂಡಲ್ಲಿ ದೊಡ್ಡಕ್ಕ ಕಿರುಚಿಕೊಂಡ್ರೂ..."

"ನನಗೊಬ್ಬಳಿಗೇ ಕೇಳೋದು."

"ಆವತ್ತು ಕೂಗಿ ಕರೆದ್ರು," ಎಂದರು ಸಾಹೇಬರು. ಈ ಸಲ ದನಿಯಲ್ಲಿ ತಮಾಷೆಯ ಸುಳಿವಿರಲಿಲ್ಲ.



ಅಷ್ಟರಲ್ಲಿ ಬಾಗಿಲು ಗೋಡೆಗೆ ಬಡಿಯುವಂತೆ ತೆರೆದುಕೊಂಡಿತು. ಬಂದವನು ದೊಡ್ಡಕ್ಕನ ತಮ್ಮ. ತಂಡದ ಮ್ಯಾನೇಜರನೂ ಅವನೇ. ಗಡ್ಡ ಬೆಳೆದಿತ್ತು, ಆಸ್ಪತ್ರೆಯ ಕುರ್ಚಿಯಲ್ಲೇ ಮಲಗಿ ಶರ್ಟು ಮುದ್ದೆಯಾಗಿತ್ತು.

"ಇವಳ ಜೊತೆ ಏನ್ ಸಾರ್ ಹರಟೆ? ಒಳಗೆ ಹಾಕಿ ಇವಳನ್ನ! ಅಲ್ಲಿ ನಮ್ಮಕ್ಕ ಬೆಳಿಗ್ಗೆಯಿಂದ ಬೆರಳು ಅಲ್ಲಾಡಿಸ್ತಿದ್ದಾಳೆ, ಇವತ್ತು ಕಣ್ಣು ಬಿಟ್ಟರೂ ಬಿಡಬಹುದು ಅಂದ್ರು ಡಾಕ್ಟರು. ಅವಳು ಬಾಯಿ ಬಿಟ್ಟ ದಿನ ಈ ಅಳುಮುಂಜಿಯ ಬಂಡವಾಳ ಎಲ್ಲಾ ಬಯಲಾಗುತ್ತೆ, ನೋಡ್ತಿರಿ!"

"ಕೂತ್ಕೊಂಡು ಮಾತಾಡಿ."

"ಕೂರಲ್ಲ! ಇವಳ ಹೊಟ್ಟೆಕಿಚ್ಚು ನಿಮಗೇನ್ ಗೊತ್ತು? ಸಿನಿಮಾದಲ್ಲಿ ಅಳುಪುಟ್ಟಿ ಅಳುಪುಟ್ಟಿ ಅಂತ ಜನ ಮೆರೆಸಿದ್ರಲ್ಲ, ಆ ಅಳೋ ದನಿ ಯಾರದ್ದು ಕೇಳಿ. ನಮ್ಮಕ್ಕಂದು! ಇವಳಿಗೆ ಗೊರಗೊರ ದನಿ, ಮೈಕಿಗೆ ಒಗ್ಗುತ್ತಿರಲಿಲ್ಲ. ನಮ್ಮಕ್ಕ ಕತ್ತಲೆ ಕೋಣೆಯಲ್ಲಿ ಪರದೆ ನೋಡ್ಕೊಂಡು ಅಳಬೇಕಿತ್ತು. ಕಣ್ಣೀರು ಇವಳದ್ದು, ದನಿ ನಮ್ಮಕ್ಕಂದು. ಬಹುಮಾನ ಬಂದಾಗ ಒಂದು ಮಾತು ನಮ್ಮಕ್ಕನ ಹೆಸರು ಎತ್ತಲಿಲ್ಲ ಈ ಮಹಾತಾಯಿ. ಆಮೇಲೆ ಕಾಲ ತಿರುಗ್ತು. ಇವಳಿಗೆ ಪಾತ್ರ ಸಿಗಲಿಲ್ಲ, ನಮ್ಮಕ್ಕ ಹಾಡಿ ಮೇಲೆ ಬಂದ್ಲು. ಅಂಥವಳು ಇವಳಿಗೆ ಹಾಡೋಕೆ ಕಲಿಸಿ, ಕರ್ಕೊಂಡು ಬಂದು ಹಿಂದೆ ನಿಲ್ಲಿಸಿಕೊಂಡ್ಳಲ್ಲ, ಅದೇ ತಪ್ಪಾಯ್ತು!"

ಒಂದು ಮಾತೂ ಸುಳ್ಳಲ್ಲ. ಪುಟ್ಟಿ ನೆಲ ನೋಡುತ್ತ ಕೂತಳು. ಬಹುಮಾನದ ದಿನ ಅವಳಿನ್ನೂ ಹಾಲುಹಲ್ಲಿನ ಹುಡುಗಿ, ಹೇಳಿಕೊಟ್ಟಷ್ಟನ್ನೇ ಹೇಳಿದ್ದಳು ಎಂದು ಬೇರೆ ಯಾರಾದರೂ ಅನ್ನಬಹುದಿತ್ತು. ಅವಳಿಗೆ ತನ್ನ ಬಗ್ಗೆ ಹಾಗೆ ಅನ್ನಿಸಿದ್ದೇ ಇಲ್ಲ. ದೊಡ್ಡಕ್ಕ ಆ ವಿಷಯವನ್ನು ಯಾವತ್ತೂ ಎತ್ತಿ ಆಡಲಿಲ್ಲ, ಆಡಿದ್ದರೆ ಜಗಳವಾಡಿ ಹಗುರಾಗಬಹುದಿತ್ತು.

"ನೀವು ಹೊರಗೆ ಮೊಗಸಾಲೆಯಲ್ಲಿ ಕೂತಿರಿ. ನಿಮ್ಮ ಹತ್ರಾನೂ ಮಾತಾಡೋದಿದೆ," ಎಂದು ಸಾಹೇಬರು ಅವನನ್ನು ತೋಳು ಹಿಡಿದು ಆಚೆ ಬಿಟ್ಟು ಬಂದರು. ಬಂದವರೇ ಒಂದು ದೊಡ್ಡ ಸೀನು ಸೀನಿದರು.

ಪುಟ್ಟಿಯ ಮೊಬೈಲು ಬಡಿದುಕೊಂಡಿತು. ಅಕ್ಕ. ಅಂದರೆ ಅವಳ ಒಡಹುಟ್ಟಿದ ಅಕ್ಕ, ಭಾವನ ಹೆಂಡತಿ. ಸಾಹೇಬರು ಮಾತಾಡಿ ಎಂಬಂತೆ ಕೈ ಸನ್ನೆ ಮಾಡಿದರು.

"ಪುಟ್ಟಿ, ಇನ್ನು ಸ್ವಲ್ಪ ಹೊತ್ತಿಗೆ ಇವರನ್ನ ಕೋರ್ಟಿಗೆ ಕರ್ಕೊಂಡು ಹೋಗ್ತಾರಂತೆ ಕಣೇ." ಅಕ್ಕನ ದನಿ ಒಡೆದು ಹೋಗಿತ್ತು. "ಠಾಣೆ ಮೆಟ್ಟಿಲ ಮೇಲೇ ಕೂತಿದ್ದೀನಿ. ಎಷ್ಟು ಬೇಡಿಕೊಂಡ್ರೂ ಇವರು ಬಾಯೇ ಬಿಡ್ತಿಲ್ಲ. ದೊಡ್ಡಕ್ಕನ ದನಿ ಯಾಕೆ ಕಟ್ ಮಾಡಿದ್ರಿ ಅಂದ್ರೆ ತಲೆ ತಗ್ಗಿಸಿ ಕೂತ್ಕೋತಾರೆ. 'ಪುಟ್ಟಿಗೆ ತೊಂದರೆ ಆಗ್ಬಾರದು' ಅಂತ ಒಂದೇ ಒಂದು ಮಾತು ಅಂದ್ರು ನನ್ನ ಹತ್ರ. ಯಾಕೇ? ನಿನಗೂ ಇದಕ್ಕೂ ಏನು ಸಂಬಂಧ? ನನಗೇನೂ ತೋಚ್ತಿಲ್ಲ ಕಣೇ..."

ಪುಟ್ಟಿ ಫೋನು ಇಟ್ಟಳು. ಪಾತ್ರಗಳು ಕೈಬಿಟ್ಟು, ಮನೆಯಲ್ಲಿ ಮೂಲೆ ಹಿಡಿದು ಕೂತಿದ್ದ ಕಾಲದಲ್ಲಿ ಅವಳನ್ನು ಎಬ್ಬಿಸಿದ್ದು ಇದೇ ಭಾವ. ದೊಡ್ಡಕ್ಕನ ತಂಡದಲ್ಲಿ ಕೋರಸ್ಸಿಗೆ ಒಬ್ಬರು ಬೇಕಂತೆ ಎಂದು ಸುದ್ದಿ ತಂದಿದ್ದು ಅವರು. ಊರೂರು ಸುತ್ತುವ ಬಸ್ಸಿನಲ್ಲಿ ಕಿಟಕಿ ಪಕ್ಕದ ಸೀಟು ಬಿಟ್ಟುಕೊಟ್ಟಿದ್ದು ಅವರು. ಈಗಲೂ ಅವಳ ಬೆನ್ನಿಗೆ ನಿಂತು ಬಾಯಿ ಮುಚ್ಚಿಕೊಂಡಿದ್ದಾರೆ. ತಾನೋ, ಇಲ್ಲಿ ಕನ್ನಡಿಯ ಮುಂದೆ ಎಡಗಣ್ಣಿನಲ್ಲಿ ಅತ್ತು ತೋರಿಸುತ್ತಿದ್ದೇನೆ. ಥೂ ನನ್ನ ಜನ್ಮಕ್ಕೆ, ಎಂದು ತನ್ನನ್ನೇ ಬೈದುಕೊಂಡಳು.

"ಸಾರ್, ಭಾವಂದು ಏನೂ ತಪ್ಪಿಲ್ಲ."

ಸಾಹೇಬರು ಮೂಗೊರೆಸುವುದನ್ನು ನಿಲ್ಲಿಸಿದರು.

"ಆ ಆಲಾಪದ ಹೊತ್ತಲ್ಲಿ ದೊಡ್ಡಕ್ಕನ ದನಿ ನನ್ನ ಕಿವಿಗೆ ಬರದ ಹಾಗೆ ಕಟ್ ಮಾಡಿಸಿದ್ದು ನಾನು. ನಾನೇ."

"ಯಾಕೆ?"

ಹೇಳುವುದು ಹೇಗೆ? ಊರೂರಲ್ಲೂ, ಪ್ರತಿ ಕಾರ್ಯಕ್ರಮದಲ್ಲೂ ಅವಳ ಮುಖ ಜನರಿಗೆ ಕಾಣುತ್ತಿದ್ದುದು ಆ ಒಂದು ಆಲಾಪದಲ್ಲಿ ಮಾತ್ರ. ಅದೂ ನೆಟ್ಟಗೆ ಅವಳದ್ದಾಗಿರುತ್ತಿರಲಿಲ್ಲ. ಕಿವಿಯಲ್ಲಿ ದೊಡ್ಡಕ್ಕ ಕೂತಿರುತ್ತಿದ್ದಳು. ಶ್ರುತಿ ಜಾರ್ತಿದೆ, ಹಿಡ್ಕೋ. ಅಳಬೇಡ್ವೇ, ಹಾಡು. ಸಾಕು ಮೆರೆದಿದ್ದು, ಹಿಂದೆ ಹೋಗು. ಕೆಟ್ಟ ಮನಸ್ಸಿನಿಂದ ಅನ್ನುತ್ತಿದ್ದುದಲ್ಲ, ಕಲಿಸಿದವಳ ಬಾಯಿ ಅದು. ಆದರೂ ಪುಟ್ಟಿಗೆ ಮೈ ಉರಿಯುತ್ತಿತ್ತು.

"ಆವತ್ತು ನಮ್ಮಕ್ಕ ಬಂದಿದ್ಲು ಸಾರ್. ಮೊದಲನೇ ಸಲ. ಇಷ್ಟು ವರ್ಷದಲ್ಲಿ ನಾನು ಹಾಡೋದನ್ನ ಅವಳು ನೋಡೇ ಇರಲಿಲ್ಲ. ಆವತ್ತೊಂದು ದಿನ... ಆ ಹಾಡು ನನ್ನದಾಗಿರಬೇಕು ಅನ್ನಿಸ್ತು. ಯಾರೂ ಕಿವಿಯಲ್ಲಿ ಗೊಣಗಬಾರದು ಅನ್ನಿಸ್ತು."

"ಹಾಡಿದ್ರಾ?"

"ಹಾಡಿದೆ." ಪುಟ್ಟಿಯ ಮುಖ ನಾಚಿಕೆಯಿಂದ ಕೆಂಪಾಯಿತು. "ಅಷ್ಟು ಚೆನ್ನಾಗಿ ಯಾವತ್ತೂ ಹಾಡಿರಲಿಲ್ಲ. ಸುತ್ತಿನ ಮೇಲೆ ಸುತ್ತು. ಜನ ಎದ್ದು ನಿಂತು ಚಪ್ಪಾಳೆ ತಟ್ಟಿದ್ರು. ದೊಡ್ಡಕ್ಕ ಯಾಕೆ ಬರಲಿಲ್ಲ ಅಂತ ನನಗೆ ಯೋಚನೆ ಬರಲಿಲ್ಲ ಸಾರ್. ಬರದಿದ್ರೇ ಒಳ್ಳೇದು ಅಂದ್ಕೊಂಡೆ. ಇನ್ನೂ ಸ್ವಲ್ಪ ಹೊತ್ತು ಬರದಿರಲಿ ದೇವ್ರೇ ಅಂದ್ಕೊಂಡೆ."

ಮೂಲೆಯ ಸ್ಟೂಲಿನ ಮೇಲೆ ಕೂತು ಹೇಳಿಕೆ ಬರೆದುಕೊಳ್ಳುತ್ತಿದ್ದ ಮಹಿಳಾ ಪೇದೆ ತಲೆ ಎತ್ತಿ ನೋಡಿದಳು, ಮತ್ತೆ ಬಗ್ಗಿದಳು.

"ಅಮ್ಮಾ," ಎಂದರು ಸಾಹೇಬರು ನಿಧಾನವಾಗಿ, "ಫ್ಲಾಸ್ಕು ತುಂಬಿದ್ದು ನೀವು. ದನಿ ಕಟ್ ಮಾಡಿಸಿದ್ದೂ ನೀವು ಅಂತೀರಿ. ಈ ಮಾತು ತಿರುಗಿ ನಿಮ್ಮ ಕೊರಳಿಗೇ ಬರುತ್ತೆ, ಗೊತ್ತಲ್ಲ?"

"ಬರಲಿ ಸಾರ್. ಬರಬೇಕಾದ್ದೇ. ಭಾವನ್ನ ಬಿಟ್ಟುಬಿಡಿ."

 ಸಾಹೇಬರು ಫೋನು ತೆಗೆದು ಠಾಣೆಗೆ ಹಚ್ಚಿದರು. ಆ ಸೌಂಡಿನವರ ಮೇಲೆ ನಮಗೆ ಅನುಮಾನ ಬಂದಿದ್ದು ಕಟ್ ಆದ ದನಿಯಿಂದ, ಆಮೇಲೆ ಅವರ ಮೌನದಿಂದ, ಎರಡಕ್ಕೂ ಈಗ ಕಾರಣ ಸಿಕ್ಕಿದೆ, ಕೋರ್ಟು ಗೀರ್ಟು ಬೇಡ, ಸದ್ಯಕ್ಕೆ ಮನೆಗೆ ಕಳಿಸಿ, ಎಂದರು.

ಪುಟ್ಟಿಗೆ ಉಸಿರು ಬಂದಂತಾಯಿತು. ಹೆದರಿಕೆ ಹೋಗಿರಲಿಲ್ಲ. ಆದರೂ ಅಕ್ಕ ಇನ್ನು ಅಳುವುದಿಲ್ಲವಲ್ಲ ಎಂಬ ಸಮಾಧಾನ.

"ಇನ್ನೊಂದು ಇದೆ," ಎಂದು ಸಾಹೇಬರು ಜೇಬಿನಿಂದ ಸಣ್ಣ ಸ್ಪೀಕರು ತೆಗೆದು ಕಟ್ಟೆಯ ಮೇಲಿಟ್ಟರು. "ಈ ಸಭಾಂಗಣದಲ್ಲಿ ಎಲ್ಲಾ ಮೈಕನ್ನೂ ತನ್ನಷ್ಟಕ್ಕೇ ರೆಕಾರ್ಡು ಮಾಡ್ಕೊಳ್ಳೋ ಪೆಟ್ಟಿಗೆ ಒಂದಿದೆ. ಮೆಟ್ಟಿಲ ಕೆಳಗಿನ ಬೀರುವಿನಲ್ಲಿ. ಹೊರಗಿಂದ ಬಂದ ತಂಡದವರಿಗೆ ಗೊತ್ತಿರಲ್ಲ, ಇಲ್ಲಿನ ವಾಚ್‌ಮನ್ ನಿನ್ನೆ ತೋರಿಸಿದ. ದೊಡ್ಡಕ್ಕನ ಮೈಕಿದೆ ಇದರಲ್ಲಿ. ಕೇಳ್ತೀರಾ? ಬೇಡ ಅಂದ್ರೆ ಬೇಡ."

ಬೇಡ ಅನ್ನುವ ಹಕ್ಕು ತನಗಿಲ್ಲ ಎನ್ನಿಸಿತು ಪುಟ್ಟಿಗೆ. ತಲೆಯಾಡಿಸಿದಳು.

ಮೊದಲು ಬಟ್ಟೆಯ ಸರಬರ. ಆಮೇಲೆ ದೊಡ್ಡಕ್ಕನ ಗಡಸು ದನಿ, ಕಿವಿಗೆ ಬಾಯಿಟ್ಟು ಅಂದಷ್ಟು ಹತ್ತಿರ.

"ಝಿಪ್ಪು ಹಾಳಾಗೋಯ್ತು ಪುಟ್ಟಿ. ಬಟ್ಟೆ ಹೊಲಿಯೋ ಸೂಜಿಯಮ್ಮ ದಾರ ತರೋಕೆ ಓಡಿದ್ದಾಳೆ. ಇನ್ನೊಂದು ಸುತ್ತು ಎಳಿ."

ನೀರು ಕುಡಿಯುವ ಸದ್ದು. ಹಿಂದೆ, ದೂರದಲ್ಲಿ, ಪರದೆಯಾಚೆ, ಪುಟ್ಟಿಯದೇ ಹಾಡು.

"ಲೇ... ಏನೇ ಇವತ್ತು? ಎಷ್ಟ್ ಚೆನ್ನಾಗಿ ಹಾಡ್ತಿದ್ದೀಯೇ ಮುಂಡೇದೇ." ದೊಡ್ಡಕ್ಕ ನಕ್ಕಳು. "ನನ್ನ ಕಿವಿಯೇ ನಂಬ್ತಿಲ್ಲ. ನಾನು ಬರೋ ಅರ್ಜೆಂಟಿಲ್ಲ, ಹಾಡ್ತಾ ಇರು. ಇವತ್ತು ನಿನ್ನ ದಿನ. ಹಾಡು ಮಗಾ."

ಪುಟ್ಟಿ ಬಾಯಿಗೆ ಸೆರಗು ಒತ್ತಿಕೊಂಡಳು.

ಇನ್ನೂ ನೀರು. ಇನ್ನೂ ಹಾಡು. ಆಮೇಲೆ ಏನೋ ಬಿದ್ದ ಸದ್ದು.

"ಪುಟ್ಟಿ... ಯಾಕೋ ನಾಲಿಗೆ ಹೊರಳ್ತಿಲ್ಲ. ಕಾಲು ನಿಲ್ತಿಲ್ಲ ಕಣೇ. ಹಾಡು ನಿಲ್ಸು. ಯಾರನ್ನಾದ್ರೂ ಕಳ್ಸು... ಪುಟ್ಟಿ, ಕೇಳಿಸ್ತಿದ್ಯಾ? ಪುಟ್ಟೀ..."

ಅಷ್ಟೇ. ಉಳಿದದ್ದು ಪರದೆಯಾಚೆಯ ಹಾಡು, ಅದರ ಮೇಲೆ ಚಪ್ಪಾಳೆ. ಸಾಹೇಬರು ಗುಂಡಿ ಒತ್ತಿ ನಿಲ್ಲಿಸಿದರು.

ಪುಟ್ಟಿ ಅತ್ತಳು. ಎಡಗಣ್ಣು ಬಲಗಣ್ಣು ಎಂದೇನಿಲ್ಲ, ಮೂಗು ಬಾಯಿ ಎಲ್ಲ ಒಂದಾಗಿ, ಹೊಟ್ಟೆ ಹಿಡಿದುಕೊಂಡು, ನಾಯಿಮರಿಯ ಹಾಗೆ ಕುಂಯ್‌ಗುಟ್ಟುತ್ತ ಅತ್ತಳು. ಯಾವ ಸಿನಿಮಾದವರೂ ಆ ಅಳುವನ್ನು ಇಟ್ಟುಕೊಳ್ಳುತ್ತಿರಲಿಲ್ಲ. ಜೀವಮಾನವೆಲ್ಲ ಕೇಳಬೇಕೆಂದು ಹಂಬಲಿಸಿದ ಒಂದು ಮಾತನ್ನು ದೊಡ್ಡಕ್ಕ ಆಡಿದ್ದಳು, ಅದನ್ನೂ ಸೇರಿಸಿ ಕತ್ತರಿಸಿ ಹಾಕಿದ್ದಳು ಇವಳು.

"ತಗೊಳ್ಳಿ," ಎಂದು ಸಾಹೇಬರು ಕರ್ಚೀಫು ಚಾಚಿದರು. "ಹೆದರಬೇಡಿ, ಇದು ಒಗೆದಿದ್ದು."

ಪೇದೆ ಹೊರಗೆ ಹೋಗಿ ಚಹಾ ತಂದುಕೊಟ್ಟಳು. ಪುಟ್ಟಿ ಅದನ್ನು ಕುಡಿದು ಮುಗಿಸುವ ಹೊತ್ತಿಗೆ ಬಿಕ್ಕು ನಿಂತಿತು. ಹೊರಗಿನ ಬೀದಿಯಲ್ಲಿ ಯಾರೋ ಶಟರ್ ಎಳೆಯುತ್ತಿದ್ದರು. ತಂಡದ ಬಸ್ಸು ಕಿಟಕಿಯಾಚೆ ಬಿಸಿಲಿನಲ್ಲಿ ನಿಂತಿತ್ತು, ಅದರ ಮೈಮೇಲೆ ದೊಡ್ಡಕ್ಕನ ನಗುಮುಖದ ದೊಡ್ಡ ಚಿತ್ರ.

"ಈಗ ಹೇಳಿಕೆ ಪೂರ್ತಿ ಮಾಡೋಣ," ಎಂದರು ಸಾಹೇಬರು. "ಕಟ್ ಮಾಡಿಸಿದೆ ಅಂತ ಬರೆದ್ರೆ ಸಾಲದು. ಎಲ್ಲಿ ನಿಂತು ಕೇಳಿದ್ರಿ, ನೀವೇನಂದ್ರಿ, ಅವರೇನಂದ್ರು, ಅದೇ ಮಾತಲ್ಲಿ ಬೇಕು. ನೆನಪಿದ್ಯಾ?"

ಪುಟ್ಟಿಗೆ ಆ ದುಃಖದಲ್ಲೂ ಸಣ್ಣ ನಗು ಬಂತು. ಅವಳಿಗೆ ನೆನಪಿದೆಯೇ ಎಂದು ಕೇಳುವುದೇ! ಅಕ್ಷರ ಬರುವ ಮೊದಲೇ ಅವಳು ಸಂಭಾಷಣೆ ಕಲಿತವಳು. ಅಮ್ಮ ಇಡೀ ದೃಶ್ಯವನ್ನು ಓದಿ ಹೇಳುತ್ತಿದ್ದಳು. ಯಾವುದು ತನ್ನ ಮಾತು, ಯಾವುದು ಎದುರಿನವರದ್ದು ಎಂದು ಬೇರೆ ಮಾಡಲು ಗೊತ್ತಾಗದೆ ಮಗು ಎಲ್ಲರ ಮಾತನ್ನೂ ಸಾಲಾಗಿ ಬಾಯಿಪಾಠ ಮಾಡಿಬಿಡುತ್ತಿತ್ತು. ದೊಡ್ಡ ದೊಡ್ಡ ನಟರು ತಡವರಿಸಿದರೆ ಮೊಣಕಾಲೆತ್ತರದ ಈ ಹುಡುಗಿ ಕೆಳಗಿನಿಂದ ಅವರ ಮಾತನ್ನು ಪಿಸುಗುಟ್ಟುತ್ತಿದ್ದಳು. ಇಂದಿಗೂ ಅಷ್ಟೇ. ಮುಖ್ಯವಾದ ಮಾತುಕತೆ ಅವಳ ತಲೆಯಲ್ಲಿ ಎರಡೂ ಕಡೆಯದು ಸಾಲು ತಪ್ಪದೆ ಉಳಿಯುತ್ತದೆ. ಮೊದಲ ಸಾಲಿನಿಂದ ಶುರು ಮಾಡಬೇಕು, ಅಷ್ಟೇ. ನಡುವಿನಿಂದ ಬರುವುದಿಲ್ಲ.

ಕಣ್ಣು ಮುಚ್ಚಿದಳು.

"ಸೌಂಡ್ ಬೋರ್ಡಿನ ಹತ್ರ. ಮಧ್ಯಾಹ್ನ. ಭಾವ ಮೊಣಕೈಗೆ ಕೇಬಲ್ ಸುತ್ತುತ್ತಿದ್ರು. 'ನಿಮ್ಮಕ್ಕ ಮುಂದಿನ ಸಾಲಲ್ಲೇ ಕೂರ್ತಾಳಂತೆ ಕಣೇ,' ಅಂದ್ರು. ನಾನು 'ಅಯ್ಯೋ ಭಾವ, ಈಗ್ಲೇ ಕೈಕಾಲು ನಡುಗ್ತಿದೆ' ಅಂದೆ. 'ಯಾಕೆ ನಡುಗ್ಬೇಕು? ಆ ದೊಡ್ಡಕ್ಕನ ಗೊಣಗಾಟ ಇಲ್ಲದಿದ್ರೆ ನೀನು ಎಷ್ಟ್ ಚೆನ್ನಾಗಿ ಹಾಡ್ತೀಯ ಅಂತ ನನಗೆ ಗೊತ್ತು. ಇವತ್ತೊಂದಿನ ಅವಳ ದನಿ ನಿನ್ನ ಕಿವಿಗೆ ಬರದ ಹಾಗೆ ಕಟ್ ಮಾಡಿಬಿಡ್ಲಾ?' ಅಂದ್ರು. ಅದಕ್ಕೆ ನಾನು..."

ಪೇದೆಯ ಪೆನ್ನು ನಿಂತಿತು.

"ತಡೀರಿ," ಎಂದರು ಸಾಹೇಬರು. "ಕಟ್ ಮಾಡಿಬಿಡ್ಲಾ ಅಂದಿದ್ದು ಯಾರು?"

"ಭಾವ."

"ಈಗ ತಾನೇ ನಾನೇ ಕಟ್ ಮಾಡಿಸಿದೆ ಅಂದ್ರಲ್ಲ."

ಪುಟ್ಟಿ ಕಣ್ಣು ಬಿಟ್ಟಳು. "ಹೂಂ... ಅಲ್ಲ, ಮೊದಲು ಅಂದಿದ್ದು ಅವರು. ಆದ್ರೆ ಆಸೆ ನನ್ನದೇ ಸಾರ್. ಅವರು ಕೇಳಿದ ಕೂಡ್ಲೇ ನನಗೆ ಒಳಗೊಳಗೇ ಖುಷಿಯಾಯ್ತು. ನನ್ನ ಮನಸ್ಸಲ್ಲಿದ್ದಿದ್ದನ್ನೇ ಅವರು ಅಂದ್ರು. ಅದು ನಾನು ಕೇಳಿದ ಹಾಗೇ ಅಲ್ವಾ?"

"ಅಲ್ಲ," ಎಂದರು ಸಾಹೇಬರು. "ಮುಂದೆ ಹೇಳಿ. ನೀವೇನಂದ್ರಿ?"

"ನಾನು 'ಬೇಡಪ್ಪಾ, ಅವರು ಯಾವಾಗ ತಯಾರಾದ್ರು ಅಂತ ನನಗೆ ಗೊತ್ತಾಗೋದು ಹೇಗೆ?' ಅಂದೆ. ಅದಕ್ಕೆ ಭಾವ..."

ಮುಂದಿನ ಸಾಲು ನಾಲಿಗೆಯ ತುದಿಗೆ ಬಂದು ನಿಂತಿತ್ತು. ಪುಟ್ಟಿ ಅದನ್ನು ಹೇಳಲಿಲ್ಲ. ಅವಳ ಮುಖದ ಬಣ್ಣ ಇಳಿಯುವುದನ್ನು ಕನ್ನಡಿಯಲ್ಲಿ ಸಾಹೇಬರು ನೋಡಿದರು, ಪೇದೆಯೂ ನೋಡಿದಳು.

"ಅದಕ್ಕೆ ಭಾವ?"

"ಅದಕ್ಕೆ ಭಾವ..." ಅವಳ ದನಿ ಕೇಳಿಸದಷ್ಟು ಸಣ್ಣದಾಗಿತ್ತು. "'ಆ ಚಿಂತೆ ನನಗಿರಲಿ. ಅವಳ ಮಾತನ್ನ ನನ್ನ ಕಿವಿಗೆ ತಿರುಗಿಸ್ಕೊಳ್ತೀನಿ. ಅವಳು ರೆಡಿ ಅಂದ ತಕ್ಷಣ ನಿನ್ನ ಕಾಲ ಹತ್ರ ಇರೋ ಕೆಂಪು ದೀಪ ಹಚ್ತೀನಿ. ದೀಪ ಹತ್ತೋವರೆಗೂ ನೀನು ಹಾಡೋದು ನಿಲ್ಲಿಸ್ಬೇಡ,' ಅಂದ್ರು."



ಆವತ್ತು ಆ ದೀಪ ಹತ್ತಲೇ ಇಲ್ಲ. ದೊಡ್ಡಕ್ಕ ಕರೆದದ್ದು ಈ ಭೂಮಿಯ ಮೇಲೆ ಒಬ್ಬರಿಗೂ ಕೇಳಿಸಲಿಲ್ಲ, ಅದಕ್ಕೆ ತಾನೇ ಕಾರಣ ಎಂದು ಅಂದಿನಿಂದ ಎದೆ ಬಡಿದುಕೊಂಡಿದ್ದಳು ಪುಟ್ಟಿ. ಆ ತಪ್ಪಿನ ಭಾರದಲ್ಲಿ ಬಗ್ಗಿ ಹೋಗಿ ಎದುರಿಗಿದ್ದದ್ದು ಅವಳಿಗೆ ಕಾಣಲೇ ಇಲ್ಲ. ಒಬ್ಬರಿಗೆ ಕೇಳಿಸಿತ್ತು. ನಾಲಿಗೆ ಹೊರಳ್ತಿಲ್ಲ ಎಂದದ್ದು, ಯಾರನ್ನಾದರೂ ಕಳಿಸು ಎಂದದ್ದು, ಎಲ್ಲವನ್ನೂ ಒಬ್ಬರು ಬೋರ್ಡಿನ ಮುಂದೆ ಕೂತು ಕೇಳಿಸಿಕೊಂಡಿದ್ದರು. ಕೇಳಿಸಿಕೊಂಡು ಸುಮ್ಮನಿದ್ದರು.

"ಸಾರ್, ಅವರು ಕಿವಿಯಿಂದ ತೆಗೆದಿಟ್ಟಿದ್ರೋ ಏನೋ," ಎಂದಳು. ತನ್ನ ಮಾತನ್ನು ತಾನೇ ನಂಬಲಿಲ್ಲ. "ಮರೆತಿದ್ರೋ ಏನೋ."

ಸಾಹೇಬರು ಆಗಲೇ ಎದ್ದು ಠಾಣೆಗೆ ಫೋನು ಹಚ್ಚುತ್ತಿದ್ದರು. ಎಂಗೇಜ್. ಬೈದು ಮತ್ತೆ ಹಚ್ಚಿದರು. ಎಂಗೇಜ್.

ಪುಟ್ಟಿಯ ಕೈಯಲ್ಲಿ ಮೊಬೈಲು ಬಡಿದುಕೊಂಡಿತು. ಅಕ್ಕ. ಸಾಹೇಬರು ಬಗ್ಗಿ ಸ್ಪೀಕರಿನ ಗುಂಡಿ ಒತ್ತಿದರು.

"ಪುಟ್ಟೀ!" ಅಕ್ಕ ಅಳುತ್ತಾ ನಗುತ್ತಿದ್ದಳು. "ಇವರನ್ನ ಬಿಟ್ಟುಬಿಟ್ರು ಕಣೇ! ನಿನ್ನ ಋಣ ಹೇಗೆ ತೀರಿಸ್ಲಿ ನಾನು? ಇವರು ಏನಂದ್ರು ಗೊತ್ತಾ? 'ಪುಟ್ಟಿ ಬಾಯಿ ಬಿಟ್ಟೇ ಬಿಡ್ತಾಳೆ, ನನ್ನನ್ನ ಇಲ್ಲಿ ಕೊಳೆಯೋಕೆ ಬಿಡಲ್ಲ ಅಂತ ನನಗೆ ಮೊದಲೇ ಗೊತ್ತಿತ್ತು,' ಅಂದ್ರು."

"ಅಕ್ಕ, ಭಾವ ಎಲ್ಲಿ?"

"ಆಸ್ಪತ್ರೆಯಲ್ಲಿ. ಠಾಣೆ ಎದುರಿಗೇ ಅಲ್ವಾ, ಸೀದಾ ಇಲ್ಲಿಗೇ ಬಂದ್ವಿ. ದೊಡ್ಡಕ್ಕನ ತಮ್ಮ ನಿಮ್ಮಲ್ಲಿಗೆ ಹೋಗಿದ್ದಾರಂತಲ್ಲ. ಪಾಪ, ಅವಳ ಹತ್ರ ಯಾರೂ ಇಲ್ಲ, ಕಣ್ಣು ಬಿಟ್ಟಾಗ ಒಂದು ಪರಿಚಯದ ಮುಖ ಇರಲಿ ಅಂತ ಇವರು ಒಳಗೆ ಹೋದ್ರು."

ಪುಟ್ಟಿ ಕುರ್ಚಿಯಿಂದ ಎದ್ದು ನಿಂತಳು.

"ಬಾಗಿಲಲ್ಲಿ ಪೊಲೀಸಿನವರು ಇರಲಿಲ್ವಾ?"

"ಇದ್ದ. ಮೊದಲು ಬಿಡಲಿಲ್ಲ. ಆಮೇಲೆ ಠಾಣೆಗೆ ಫೋನ್ ಮಾಡಿ ಕೇಳ್ದ. ಇವರ ಮೇಲೆ ಏನೂ ಇಲ್ಲ, ನಾದಿನಿ ಎಲ್ಲಾ ಒಪ್ಕೊಂಡಿದ್ದಾಳೆ ಅಂದ್ರಂತೆ ಅಲ್ಲಿಂದ. ಇನ್ನೇನು ಕಾವಲು ಅಂತ ಅವನು ಚಹಾ ಕುಡಿಯೋಕೆ ಹೋದ. ಯಾಕೇ? ನಿನ್ನ ದನಿ ಯಾಕೆ ಹಾಗಿದೆ?"

ಸಾಹೇಬರು ಮೊಗಸಾಲೆಯಲ್ಲಿ ಮ್ಯಾನೇಜರನನ್ನು ಕೂಗುತ್ತ, ಜೀಪು ಜೀಪು ಎಂದು ಅರಚುತ್ತ ಓಡುತ್ತಿದ್ದರು. ಜೀಪು ಎಷ್ಟು ಬೇಗ ಹೋದರೂ ಊರಿನ ಆ ತುದಿ. ಆ ಬಾಗಿಲ ಹತ್ತಿರ ಈಗ ಇದ್ದವಳು ಅಕ್ಕ ಒಬ್ಬಳೇ. ಅವಳಿಗೆ ಏನೆಂದು ಹೇಳುವುದು? ನಿನ್ನ ಗಂಡನನ್ನು ತಡಿ ಎಂದೇ? ಹೇಳಲೇಬೇಕಿತ್ತು.

"ಅಕ್ಕ, ನಾನು ಹೇಳಿದಷ್ಟು ಮಾಡು. ಯಾಕೆ ಅಂತ ಆಮೇಲೆ ಕೇಳು. ಬಾಗಿಲು ತಳ್ಳಿ ಒಳಗೆ ಹೋಗು. ಭಾವನ್ನ ಹೊರಗೆ ಎಳ್ಕೊಂಡು ಬಾ. ಬರಲ್ಲ ಅಂದ್ರೆ ಕಿರುಚು. ಜನ ಸೇರಿಸು."

"ಏನೇ ಹೇಳ್ತಿದ್ದೀಯ? ಹುಚ್ಚು ಹಿಡಿದಿದ್ಯಾ ನಿನಗೆ?"

"ನಿನ್ನ ಕಾಲಿಗೆ ಬೀಳ್ತೀನಿ ಅಕ್ಕ. ಹೋಗು!"

ಚಪ್ಪಲಿಯ ಸದ್ದು ಕೇಳಿಸಿತು. ಆಮೇಲೆ ಬಾಗಿಲು ಗಡಗಡ ಅಲ್ಲಾಡಿಸಿದ ಸದ್ದು. ಒಂದು ಸಲ, ಮತ್ತೊಂದು ಸಲ.

"ರೀ," ಎಂದಳು ಅಕ್ಕ ಅಲ್ಲಿ, ಬಾಗಿಲಿಗೆ. ಮತ್ತೆ ಫೋನಿಗೆ ಬಂದಾಗ ಅವಳ ದನಿಯಲ್ಲಿ ನಗು ಇರಲಿಲ್ಲ. "ಪುಟ್ಟಿ, ಇವರು ಒಳಗಿಂದ ಚಿಲಕ ಹಾಕ್ಕೊಂಡಿದ್ದಾರೆ ಕಣೇ."